ಬೆಳಗಾವಿಯ ಎರಡು ಬಾಗಿಲುಗಳು

ನಮ್ಮ ಕಾಲೇಜಿನ ವಾರ್ಷಿಕ ಸಂಚಿಕೆಯಲ್ಲಿ ಪ್ರವಾಸದ ಲೇಖನ ಇಲ್ಲದ ವರ್ಷವಿಲ್ಲ. ಹಂಪೆಯ ಕಲ್ಲಿನ ರಥ, ಬಾದಾಮಿಯ ಗುಹೆಗಳು, ಜೋಗದ ಧಾರೆ, ಇವನ್ನು ಕುರಿತು ನಮಗಿಂತ ಮುಂಚಿನ ವಿದ್ಯಾರ್ಥಿಗಳು ಸೊಗಸಾಗಿ ಬರೆದಿದ್ದಾರೆ. ನಾನು ಹೇಳಹೊರಟಿರುವ ಪ್ರವಾಸ ಅಷ್ಟು ದೂರದ್ದೂ ಅಲ್ಲ, ಅಷ್ಟು ಚೆಲುವಾದದ್ದೂ ಅಲ್ಲ. ಬೆಳಿಗ್ಗೆ ರೊಟ್ಟಿ ಕಟ್ಟಿಕೊಂಡು ಚಿಕ್ಕೋಡಿಯಿಂದ ಹೊರಟು, ರಾತ್ರಿಯ ಊಟದ ಹೊತ್ತಿಗೆ ಮರಳಿ ಬಂದ ಒಂದೇ ದಿನದ ಬೆಳಗಾವಿ ಪ್ರವಾಸವದು. ನೋಡಿದ್ದು ಮೂರೇ ಸ್ಥಳ: ತಿಳಕವಾಡಿಯ ವೀರಸೌಧ, ಕ್ಯಾಂಪಿನಲ್ಲಿರುವ ಮರಾಠಾ ಲಘು ಪದಾತಿ ದಳದ ಯುದ್ಧ ವಸ್ತುಸಂಗ್ರಹಾಲಯ, ಮತ್ತು ಹೊರಗಿನಿಂದ ಮಾತ್ರ, ಹಿಂಡಲಗಿಯ ಸೆರೆಮನೆ.

ಈ ಮೂರನ್ನೂ ಒಂದೇ ದಿನದಲ್ಲಿ ತೋರಿಸಬೇಕೆಂದು ಯೋಚಿಸಿದವರು ನಮ್ಮ ಇತಿಹಾಸದ ಗುರುಗಳು. ‘ಪುಸ್ತಕದಲ್ಲಿ ಮಹಾಯುದ್ಧಕ್ಕೆ ಒಂದು ಪ್ರಕರಣ, ಸ್ವಾತಂತ್ರ್ಯ ಚಳವಳಿಗೆ ಬೇರೊಂದು ಪ್ರಕರಣ. ನೀವು ಎರಡನ್ನೂ ಬೇರೆ ಬೇರೆ ರಾತ್ರಿ ಕಂಠಪಾಠ ಮಾಡಿ ಪರೀಕ್ಷೆಗೆ ಬರುತ್ತೀರಿ. ಆದರೆ ಬೆಳಗಾವಿಯಲ್ಲಿ ಅವೆರಡೂ ಒಂದೇ ಕಾಲಕ್ಕೆ, ಕೆಲವೇ ಕಿಲೋಮೀಟರುಗಳ ಅಂತರದಲ್ಲಿ ನಡೆದವು’ ಎಂದು ಅವರು ಹೇಳಿದ್ದರು. ಈ ಮಾತಿನ ಅರ್ಥ ನನಗೆ ತಿಳಿದದ್ದು ಬೆಳಗಾವಿಗೆ ಹೋಗಿ ಬಂದ ಮೇಲೆಯೇ. ಅದು ಹೇಗೆ ತಿಳಿಯಿತೆಂಬುದನ್ನು ಹೇಳಲು ಮೊದಲು ನಮ್ಮ ಮನೆಯ ಟ್ರಂಕಿನ ಸಂಗತಿಯನ್ನು ಹೇಳಬೇಕು.

ಚಿಕ್ಕೋಡಿ ತಾಲೂಕಿನ ಒಂದು ಸಣ್ಣ ಹಳ್ಳಿ ನಮ್ಮದು. ನಮ್ಮ ಮನೆತನದಲ್ಲಿ ಬಿ.ಎ. ವರೆಗೆ ಬಂದವಳು ನಾನೊಬ್ಬಳೇ. ಅಟ್ಟದ ಮೇಲೆ ಒಂದು ಕಬ್ಬಿಣದ ಟ್ರಂಕಿದೆ. ಅದರಲ್ಲಿ ನಕ್ಷತ್ರದ ಆಕಾರದ ಒಂದು ಪದಕ, ಮಡಿಕೆ ಹರಿದ ಒಂದು ಇಂಗ್ಲಿಷ್ ಕಾಗದ, ತೆಳುವಾದ ಒಂದು ಪತ್ರ, ಹಾಗೂ ದಾರದಿಂದ ಹೊಲಿದ ಒಂದು ಚೋಪಡಿ ಇವೆ. ಮೊದಲಿನ ಮೂರು ವಸ್ತುಗಳು ನನ್ನ ಮುತ್ತಜ್ಜನವರವು. ಚೋಪಡಿ ಅವರ ತಮ್ಮನದು. ಅವರನ್ನು ನಾವು ಸಣ್ಣ ಮುತ್ತಜ್ಜ ಎನ್ನುತ್ತೇವೆ.

ಮುತ್ತಜ್ಜ 1941ರಲ್ಲಿ ಬೆಳಗಾವಿಗೆ ನಡೆದುಹೋಗಿ ಬ್ರಿಟಿಷರ ಸೈನ್ಯ ಸೇರಿದರು. ಅದಕ್ಕೆ ರಾಜಭಕ್ತಿ ಕಾರಣವಲ್ಲ. ಒತ್ತೆಯಿಟ್ಟ ಹೊಲ ಕಾರಣ. ಸಣ್ಣ ಮುತ್ತಜ್ಜ 1943ರಲ್ಲಿ ಊರ ಚಾವಡಿಯ ದಫ್ತರ ಸುಟ್ಟ ಗುಂಪಿನಲ್ಲಿದ್ದರೆಂದು ಸಿಕ್ಕಿಬಿದ್ದು ನಾಲ್ಕು ತಿಂಗಳು ಹಿಂಡಲಗಿಯ ತುರಂಗದಲ್ಲಿದ್ದರು. ಅಣ್ಣ ಕಳಿಸಿದ ಮನಿಯಾರ್ಡರಿನ ಹಣದಿಂದ ತಂದ ಜೋಳದ ರೊಟ್ಟಿಯನ್ನು ಅವರು ಮುಟ್ಟುತ್ತಿರಲಿಲ್ಲವಂತೆ. ಯುದ್ಧ ಮುಗಿದು ಅಣ್ಣ ಮನೆಗೆ ಬಂದ ಮೇಲೆ ಇಬ್ಬರೂ ಒಂದೇ ಹೊಲದಲ್ಲಿ ದುಡಿದರು, ಒಂದೇ ಪಡಸಾಲೆಯಲ್ಲಿ ಮಲಗಿದರು. ಆದರೆ ಬೇಕಾದಷ್ಟೇ ಮಾತು. ಹಳ್ಳಿಯಲ್ಲಿ ಒಬ್ಬರನ್ನು ‘ಇಂಗ್ರೇಜಿ ಸಿಪಾಯಿ’ ಎಂದೂ ಇನ್ನೊಬ್ಬರನ್ನು ‘ಗಾಂಧಿ’ ಎಂದೂ ಕರೆದರು. ಅವರಿಬ್ಬರೂ ತೀರಿಹೋದ ಮೇಲೂ ನಮ್ಮ ಮನೆಯಲ್ಲಿ ಸಣ್ಣದೊಂದು ವಾದ ಉಳಿದಿತ್ತು: ಇಬ್ಬರಲ್ಲಿ ಸರಿ ಯಾರು?

ಆ ಇಂಗ್ಲಿಷ್ ಕಾಗದವನ್ನು ಬಹಳ ವರ್ಷ ಹೊಲದ ಕಾಗದವೆಂದೇ ತಿಳಿದು ಜೋಪಾನ ಮಾಡಿದ್ದರು. ಪದವಿಪೂರ್ವ ತರಗತಿಗೆ ಬಂದ ಮೇಲೆ ನಾನು ಓದಿದೆ. ಅದು ಸೈನ್ಯದಿಂದ ಬಿಡುಗಡೆಯಾದ ಪ್ರಮಾಣಪತ್ರವಾಗಿತ್ತು. ರಾಯಲ್ ಇಂಡಿಯನ್ ಆರ್ಮಿ ಸರ್ವಿಸ್ ಕೋರ್ ಎಂಬ ದಳ, ‘ಡ್ರೈವರ್’ ಎಂಬ ಹುದ್ದೆ, ಅದರ ಮುಂದೆ ‘ಎ.ಟಿ.’ ಎಂಬ ಎರಡು ಅಕ್ಷರ. ಮುತ್ತಜ್ಜ ಇಟಲಿ ದೇಶದಲ್ಲಿ ಮೋಟಾರು ಹೊಡೆದವರೆಂದು ಮನೆಯಲ್ಲಿ ಎಲ್ಲರಿಗೂ ಹೆಮ್ಮೆಯಾಯಿತು. ತೆಳುವಾದ ಪತ್ರ ಮಾತ್ರ ನನಗೂ ಒಗಟಾಗಿಯೇ ಉಳಿಯಿತು. ಅದರ ಅಕ್ಷರಗಳೆಲ್ಲ ಇಂಗ್ಲಿಷಿನವು. ಶಬ್ದ ಒಂದೂ ಇಂಗ್ಲಿಷಲ್ಲ. ಹಿಂದೊಮ್ಮೆ ಹೈಸ್ಕೂಲಿನ ಮಾಸ್ತರರೊಬ್ಬರಿಗೆ ತೋರಿಸಿದಾಗ ಅವರೂ ತಲೆಯಾಡಿಸಿ ಮರಳಿಸಿದ್ದರಂತೆ. ಪ್ರವಾಸಕ್ಕೆ ಹೊರಡುವಾಗ ಈ ಎರಡೂ ಕಾಗದಗಳ ಝೆರಾಕ್ಸ್ ಪ್ರತಿಗಳನ್ನು ವಹಿಯೊಳಗೆ ಇಟ್ಟುಕೊಂಡೆ.

ನಮ್ಮ ತಂಡದಲ್ಲಿ ಚಿಕ್ಕೋಡಿಯವರಲ್ಲದೆ ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡ ಕಡೆಯ ವಿದ್ಯಾರ್ಥಿಗಳೂ ಇದ್ದರು. ಸಂಕೇಶ್ವರದ ಹತ್ತಿರ ಬಸ್ಸು ಹೆದ್ದಾರಿಗೆ ಹತ್ತಿದಾಗ ಗುರುಗಳು ಒಂದು ಪ್ರಶ್ನೆ ಕೇಳಿದರು: ‘1942ರಲ್ಲಿ ನೀವೆಲ್ಲ ಒಂದೇ ರಾಜ್ಯದವರಾಗಿದ್ದಿರೇನು?’ ನಾವು ಹೌದೆಂದೆವು. ಅದು ತಪ್ಪು. ಚಿಕ್ಕೋಡಿ ಮತ್ತು ಅಥಣಿ ಮುಂಬಯಿ ಪ್ರಾಂತದ ಬೆಳಗಾವಿ ಜಿಲ್ಲೆಯಲ್ಲಿದ್ದವು. ನಿಪ್ಪಾಣಿ ಚಿಕ್ಕೋಡಿ ತಾಲೂಕಿಗೇ ಸೇರಿತ್ತು. ರಾಯಬಾಗ ಮಾತ್ರ ಕೊಲ್ಹಾಪುರ ಸಂಸ್ಥಾನದ್ದು. ಇಂದು ನಾವು ಕಬ್ಬಿನ ಗಾಡಿಯ ಹಿಂದೆ ಸೈಕಲ್ ತುಳಿಯುತ್ತ ದಾಟುವ ಹಾದಿಯಲ್ಲಿ ಅಂದು ಸರಕಾರವೇ ಬದಲಾಗುತ್ತಿತ್ತು.

ಮೊದಲು ಇಳಿದದ್ದು ವೀರಸೌಧದಲ್ಲಿ. 1924ರ ಡಿಸೆಂಬರ್ 26 ಮತ್ತು 27ರಂದು ಬೆಳಗಾವಿಯಲ್ಲಿ ಕಾಂಗ್ರೆಸ್ಸಿನ ಅಧಿವೇಶನ ನಡೆಯಿತು. ಮಹಾತ್ಮಾ ಗಾಂಧಿಯವರು ಅಧ್ಯಕ್ಷರಾದ ಅಧಿವೇಶನ ಇದೊಂದೇ. ಸ್ವಾಗತ ಸಮಿತಿಯ ಮುಂದಾಳುತನ ಗಂಗಾಧರರಾವ್ ದೇಶಪಾಂಡೆಯವರದು. ಹುಯಿಲಗೋಳ ನಾರಾಯಣರಾಯರ ‘ಉದಯವಾಗಲಿ ನಮ್ಮ ಚೆಲುವ ಕನ್ನಡ ನಾಡು’ ಇಲ್ಲಿಯೇ ಸ್ವಾಗತಗೀತೆಯಾಗಿ ಮೊಳಗಿತು. ಹಾಡಿದ ಹುಡುಗಿಯರಲ್ಲಿ ಮುಂದೆ ಹೆಸರಾಂತ ಗಾಯಕಿಯಾದ ಗಂಗೂಬಾಯಿ ಹಾನಗಲ್ಲರೂ ಇದ್ದರು. ನೆರೆದ ಜನಕ್ಕೆ ನೀರು ಬೇಕೆಂದು ತೋಡಿಸಿದ ಬಾವಿ ಇಂದಿಗೂ ಇದೆ. ಜನ ಅದನ್ನು ಕಾಂಗ್ರೆಸ್ ಬಾವಿ ಎನ್ನುತ್ತಾರೆ. ಒಳಗಿನ ಭಾವಚಿತ್ರಗಳನ್ನು ನೋಡುತ್ತ ಗುರುಗಳು ಹೇಳಿದ ಒಂದು ಸಂಗತಿ ನಮ್ಮಲ್ಲಿ ಬಹಳ ಜನಕ್ಕೆ ಹೊಸದು. 1918ರಲ್ಲಿ, ಮೊದಲನೆಯ ಮಹಾಯುದ್ಧ ನಡೆದಿದ್ದಾಗ, ಗಾಂಧಿಯವರು ಸ್ವತಃ ಗುಜರಾತದ ಖೇಡಾ ಜಿಲ್ಲೆಯ ಹಳ್ಳಿಗಳಲ್ಲಿ ತಿರುಗಿ ಸೈನ್ಯಕ್ಕೆ ಸೇರಿರೆಂದು ಜನರನ್ನು ಕೇಳಿದ್ದರು. ಅದೇ ಗಾಂಧಿಯವರು 1942ರ ಆಗಸ್ಟ್ 8ರಂದು ಮುಂಬಯಿಯಲ್ಲಿ ‘ಮಾಡು ಇಲ್ಲವೆ ಮಡಿ’ ಎಂದರು. ಇಪ್ಪತ್ತನಾಲ್ಕು ವರ್ಷಗಳಲ್ಲಿ ದೇಶ ನಡೆದ ದೂರವನ್ನು ಈ ಎರಡು ಸಂಗತಿಗಳ ನಡುವೆ ಅಳೆಯಬಹುದು.

ಅಲ್ಲಿಂದ ಕ್ಯಾಂಪಿಗೆ ಬಂದೆವು. ವಸ್ತುಸಂಗ್ರಹಾಲಯವು ಸೈನ್ಯದ ನೆಲದಲ್ಲಿರುವುದರಿಂದ ಪ್ರಾಚಾರ್ಯರ ಪತ್ರದ ಮೇಲೆ ಮುಂಚಿತವಾಗಿ ಅನುಮತಿ ಪಡೆದಿದ್ದೆವು. ಮೊಬೈಲುಗಳು ಬಸ್ಸಿನಲ್ಲಿಯೇ ಉಳಿದವು. ನಮಗೆ ಎಲ್ಲವನ್ನೂ ತೋರಿಸಿದವರು ಒಬ್ಬ ನಿವೃತ್ತ ಸುಭೇದಾರರು. ಖಾನಾಪುರದ ಕಡೆಯವರು, ಕನ್ನಡದಲ್ಲಿ ಆರಂಭಿಸಿದ ವಾಕ್ಯ ಮರಾಠಿಯಲ್ಲಿ ಮುಗಿಯುತ್ತಿತ್ತು. ಗಡಿಯ ಮಕ್ಕಳಾದ ನಮಗೆ ಅದು ತೊಡಕೆನಿಸಲಿಲ್ಲ.

ಈ ದಳದ ಮೊದಲನೆಯ ಪಲ್ಟಣ ಕಟ್ಟಿದ್ದು 1768ರಲ್ಲಿ. ಅದಕ್ಕೆ ‘ಜಂಗೀ ಪಲ್ಟಣ’ ಎಂದು ಹೆಸರು. 1922ರಲ್ಲಿ ಸೈನ್ಯವನ್ನು ಪುನಾರಚಿಸಿದಾಗ ಮರಾಠಾ ಪಲ್ಟಣಗಳು ಒಂದು ದಳವಾಗಿ ಕೂಡಿ, ಅವುಗಳ ತರಬೇತಿಯ ಕೇಂದ್ರ ಬೆಳಗಾವಿಯಲ್ಲಿ ನೆಲೆಯಾಯಿತು. ‘ಲಘು ಪದಾತಿ’ ಎಂದರೇನೆಂದು ನಮ್ಮಲ್ಲೊಬ್ಬಳು ಕೇಳಿದಳು. ಹಗುರಾದ ಹೊರೆ ಹೊತ್ತು, ಮುಖ್ಯ ಸೈನ್ಯಕ್ಕಿಂತ ಮುಂದೆ ಚುರುಕಾಗಿ ಹೋಗಿ ಕಾದುವ ಕಾಲಾಳುಗಳು ಎಂದು ಅದರ ಮೂಲಾರ್ಥ. ಸಾಮಾನ್ಯ ಪದಾತಿ ನಿಮಿಷಕ್ಕೆ ಸುಮಾರು 120 ಹೆಜ್ಜೆ ಇಟ್ಟರೆ ಲಘು ಪದಾತಿಯದು 140. ಸುಭೇದಾರರು ಆ ವಯಸ್ಸಿನಲ್ಲಿಯೂ ನಾಲ್ಕು ಹೆಜ್ಜೆ ಹಾಗೆ ನಡೆದು ತೋರಿಸಿದರು. ನಾವು ಅವರ ಹಿಂದೆ ಓಡಬೇಕಾಯಿತು.

ಸಂಗ್ರಹಾಲಯದಲ್ಲಿ ಪದಕಗಳು, ಸಮವಸ್ತ್ರಗಳು, ಆಯುಧಗಳು, ಭಾವಚಿತ್ರಗಳು ಸಾಲಾಗಿವೆ. ಆದರೆ ವಸ್ತುಗಳಿಗಿಂತ ಊರುಗಳ ಹೆಸರುಗಳೇ ನನ್ನನ್ನು ಹೆಚ್ಚು ಸೆಳೆದವು. ಮೆಸೊಪೊಟೇಮಿಯದ, ಎಂದರೆ ಇಂದಿನ ಇರಾಕಿನ, ಕುತ್ ಎಂಬ ಊರಿನಲ್ಲಿ ಮೊದಲನೆಯ ಮಹಾಯುದ್ಧದ ಸಮಯದಲ್ಲಿ ತುರ್ಕರ ಮುತ್ತಿಗೆಗೆ ಸಿಲುಕಿದ ಸೈನ್ಯದಲ್ಲಿ ಮರಾಠಾ ಪಲ್ಟಣಗಳಿದ್ದವು. 1915ರ ಡಿಸೆಂಬರಿನಿಂದ 1916ರ ಏಪ್ರಿಲ್ 29ರ ವರೆಗೆ ಮುತ್ತಿಗೆ ನಡೆಯಿತು. ಅನ್ನವಿಲ್ಲದೆ ಕೊನೆಗೆ ಸುಮಾರು 13,000 ಜನ ಸೆರೆಯಾದರು. 1918ರ ಅಕ್ಟೋಬರಿನಲ್ಲಿ ಅದೇ ದೇಶದ ಶರ್ಕತ್ ಎಂಬಲ್ಲಿ ನಡೆದ ಕಾಳಗದ ಹೆಸರನ್ನು ಬೆಳಗಾವಿಯ ಯುದ್ಧ ಸ್ಮಾರಕ ಹೊತ್ತಿದೆ. ಎರಡನೆಯ ಮಹಾಯುದ್ಧದಲ್ಲಿ ಆಫ್ರಿಕದ ಕೆರೆನ್ ಬೆಟ್ಟಗಳು, 1941, ಆಮೇಲೆ ಇಟಲಿ.

ಇಟಲಿಯಲ್ಲಿ ಈ ದಳದ ಇಬ್ಬರಿಗೆ ವಿಕ್ಟೋರಿಯಾ ಕ್ರಾಸ್ ಸಂದಿತು. ನಾಯಕ್ ಯಶವಂತ ಘಾಡ್ಗೆ 1944ರ ಜುಲೈ 10ರಂದು ಟೈಬರ್ ನದಿಯ ಮೇಲ್ಕಣಿವೆಯಲ್ಲಿ ತಮ್ಮ ತುಕಡಿಯವರೆಲ್ಲ ಬಿದ್ದ ಮೇಲೆ ಒಬ್ಬರೇ ಶತ್ರುವಿನ ಮಶೀನ್ ಗನ್ನಿನ ಮೇಲೆ ನುಗ್ಗಿ ಅದನ್ನು ಸುಮ್ಮನಾಗಿಸಿ ಅಲ್ಲಿಯೇ ಮಡಿದರು. ಆಗ ಅವರಿಗೆ ಇಪ್ಪತ್ತೆರಡು ವರ್ಷ. ನಮಗಿಂತ ಎರಡು ವರ್ಷ ದೊಡ್ಡವರು. ಸಿಪಾಯಿ ನಾಮದೇವ ಜಾಧವ 1945ರ ಏಪ್ರಿಲ್ 9ರಂದು ಸೆನಿಯೊ ನದಿಯ ದಂಡೆಯಲ್ಲಿ ಗಾಯಗೊಂಡ ಇಬ್ಬರು ಸಂಗಡಿಗರನ್ನು ಗುಂಡಿನ ಮಳೆಯಲ್ಲಿ ಹೊತ್ತು ತಂದರು. ಬಳಿಕ ಶತ್ರುಗಳ ಮೇಲೆ ಮರಳಿ ನುಗ್ಗಿದರು. ಅವರು ಬದುಕಿ ಊರಿಗೆ ಬಂದರು.

ಇಷ್ಟೊಂದು ಜನ ಅಷ್ಟು ದೂರ ಏಕೆ ಹೋದರು? 1939ರ ಸೆಪ್ಟೆಂಬರ್ 3ರಂದು ವೈಸರಾಯ್ ಲಿನ್‌ಲಿತ್‌ಗೋ ಅವರು ಭಾರತದ ಒಬ್ಬ ನಾಯಕನನ್ನೂ ಕೇಳದೆ ದೇಶವನ್ನು ಯುದ್ಧಕ್ಕೆ ಸೇರಿಸಿದರು. ಆಗ ಸುಮಾರು ಎರಡು ಲಕ್ಷವಿದ್ದ ಭಾರತೀಯ ಸೇನೆ 1945ರ ಹೊತ್ತಿಗೆ ಇಪ್ಪತ್ತೈದು ಲಕ್ಷದಷ್ಟಾಯಿತು. ಅವರನ್ನು ಕಾನೂನಿನ ಬಲದಿಂದ ಹಿಡಿದು ತಂದಿರಲಿಲ್ಲ. ಸಂಬಳಕ್ಕಾಗಿ, ಹೊಟ್ಟೆಗಾಗಿ, ಮನೆತನದ ರೂಢಿಗಾಗಿ, ಕೆಲವೊಮ್ಮೆ ಮನೆಯ ಜಗಳಕ್ಕಾಗಿ ಬಂದವರು. ಅವರಲ್ಲಿ ಸುಮಾರು 87,000 ಜನ ಮರಳಿ ಬರಲಿಲ್ಲ. ಇಟಲಿಯ ನೆಲದಲ್ಲಿಯೇ 5,700ಕ್ಕೂ ಹೆಚ್ಚು ಭಾರತೀಯರು ಮಡಿದರು.

ಒಂದು ಗಾಜಿನ ಪೆಟ್ಟಿಗೆಯ ಮುಂದೆ ನಾನು ನಿಂತುಬಿಟ್ಟೆ. ಆರು ಮೂಲೆಯ ನಕ್ಷತ್ರ, ಕೆಂಪು–ಬಿಳಿ–ಹಸಿರು–ಬಿಳಿ–ಕೆಂಪು ಪಟ್ಟಿಯ ರಿಬ್ಬನ್ನು. ನಮ್ಮ ಟ್ರಂಕಿನಲ್ಲಿರುವುದು ಅದೇ. ರಿಬ್ಬನ್ನು ಮಾತ್ರ ಎಂದೋ ಹೋಗಿದೆ. ಅದಕ್ಕೆ ‘ಇಟಲಿ ಸ್ಟಾರ್’ ಎಂದು ಹೆಸರು. ಆ ಬಣ್ಣಗಳು ಇಟಲಿಯ ಧ್ವಜದವು. ಧೈರ್ಯ ಮಾಡಿ ನನ್ನ ವಹಿಯೊಳಗಿನ ಕಾಗದವನ್ನು ಸುಭೇದಾರರ ಮುಂದೆ ಹಿಡಿದೆ. ನಮ್ಮ ಮುತ್ತಜ್ಜ ಮೋಟಾರು ಡ್ರೈವರ್ ಆಗಿದ್ದರೆಂದೂ ಹೇಳಿದೆ.

ಅವರು ಕನ್ನಡಕ ಏರಿಸಿ ನೋಡಿ ನಕ್ಕರು. ‘ಇದು ಮೋಟಾರ ಅಲ್ಲ ತಂಗಿ. ಎ.ಟಿ. ಅಂದರ ಆನಿಮಲ್ ಟ್ರಾನ್ಸ್‌ಪೋರ್ಟ. ಖಚ್ಚರ್! ಹೇಸರಗತ್ತಿ ಹೊಡಿತಿದ್ರು ನಿಮ್ಮ ಮುತ್ಯಾ.’

ಸುತ್ತ ನಿಂತವರೆಲ್ಲ ನಕ್ಕರು. ನನ್ನ ಮುಖ ಕೆಂಪಾಗಿರಬೇಕು. ಸುಭೇದಾರರು ಅದನ್ನು ಗಮನಿಸಿ ದನಿ ಬದಲಿಸಿದರು. ‘ನಗಬ್ಯಾಡ್ರಿ. ಇಟಲಿ ಅಂದರ ಬರೇ ಗುಡ್ಡ, ಮಳಿ, ಕೆಸರ. ಲಾರಿ ಒಂದ ಕಡೆ ನಿಂತುಬಿಡೂದು. ಅಲ್ಲಿಂದ ಮುಂದ ಗುಂಡು, ರೊಟ್ಟಿ, ನೀರು ಎಲ್ಲಾ ಹೇಸರಗತ್ತಿ ಮ್ಯಾಲೆ, ರಾತ್ರಿ ಕತ್ತಲದಾಗ. ಬರೂ ಮುಂದ ಅದರ ಮ್ಯಾಲೇ ಗಾಯ ಆದಾವ್ರನ್ನ ತರಬೇಕು. ಘಾಡ್ಗೆ ಸಾಹೇಬರ ಕೈಯಾಗ ಗುಂಡು ಬಂದಿದ್ದು ಇಂಥಾವ್ರ ಕೈಲೆ.’ ಒಂದು ಹೇಸರಗತ್ತೆ ಸುಮಾರು ಎಪ್ಪತ್ತು ಕಿಲೋ ಭಾರ ಹೊರುತ್ತದೆ. ಕತ್ತಲೆಯಲ್ಲಿ ಜಾರುವ ಹಾದಿಯಲ್ಲಿ ಅದನ್ನು ಮಾತನಾಡಿಸುತ್ತ, ಸದ್ದು ಮಾಡದಂತೆ ನಡೆಸಬೇಕು. ಎತ್ತಿನ ಜೊತೆ ಬೆಳೆದ ರೈತರ ಹುಡುಗನಿಗೆ ಆ ಕೆಲಸ ಕೊಟ್ಟದ್ದರಲ್ಲಿ ಆಶ್ಚರ್ಯವಿಲ್ಲ. ಮೋಟಾರು ಹೋಯಿತು, ಆದರೆ ಅದರ ಬದಲು ಬಂದದ್ದು ಕಡಿಮೆಯದೆಂದು ನನಗೆ ಅನಿಸಲಿಲ್ಲ.

ಆಗ ಎರಡನೆಯ ಕಾಗದವನ್ನೂ ತೆಗೆದೆ. ಅದನ್ನು ಕಂಡೊಡನೆ ಅವರು, ‘ಓದು’ ಎಂದರು. ಓದಲು ಬರುವುದಿಲ್ಲ, ಯಾವ ಭಾಷೆಯೋ ತಿಳಿಯದು ಎಂದೆ. ‘ಕಣ್ಣಿಲೆ ಓದಬ್ಯಾಡ ತಂಗಿ, ಬಾಯಿಲೆ ಓದು. ಗಟ್ಟಿಯಾಗಿ ಓದು.’

ಅಕ್ಷರ ಅಕ್ಷರ ಕೂಡಿಸಿ ಗಟ್ಟಿಯಾಗಿ ಓದಿದೆ: ‘ರಾಮ್ ರಾಮ್ ಕೇ ಬಾದ್...’

ಮುಂದಿನದು ತಾನಾಗಿಯೇ ಬಾಯಿಗೆ ಬಂದಿತು. ಅದು ಹಿಂದುಸ್ತಾನಿ ಭಾಷೆ. ಬರೆದದ್ದು ರೋಮನ್ ಲಿಪಿಯಲ್ಲಿ. ಹತ್ತು ಭಾಷೆಗಳ ಜನ ಕೂಡಿದ ಸೈನ್ಯದಲ್ಲಿ ಎಲ್ಲರಿಗೂ ಒಂದು ಮಾತು ಬೇಕು. ಇಂಗ್ಲಿಷ್ ಅಧಿಕಾರಿಗೂ ಅದು ಓದಲು ಬರಬೇಕು. ಅದಕ್ಕಾಗಿ ಬ್ರಿಟಿಷ್ ಕಾಲದ ಸೈನ್ಯದಲ್ಲಿ ‘ರೋಮನ್ ಉರ್ದು’ವನ್ನು ಕಲಿಸುತ್ತಿದ್ದರು. ಶಾಲೆಯ ಮೆಟ್ಟಿಲು ಹತ್ತದ ಎಷ್ಟೋ ರೈತರು ಮೊದಲು ಕಲಿತ ಅಕ್ಷರ ಇದು. ನಮ್ಮ ಮುತ್ತಜ್ಜನೂ ಅಂಥವರಲ್ಲಿ ಒಬ್ಬರೆಂದು ಆಗ ತಿಳಿಯಿತು. ಉಳಿದದ್ದನ್ನು ಮನೆಯಲ್ಲಿ ಓದುವೆನೆಂದು ಕಾಗದವನ್ನು ಮಡಿಸಿ ಇಟ್ಟೆ; ಅಷ್ಟು ಜನರ ಮುಂದೆ ಓದುವುದು ಸರಿಯೆನಿಸಲಿಲ್ಲ.

ರೊಟ್ಟಿ, ಶೇಂಗಾ ಚಟ್ನಿಯ ಊಟ ಮುಗಿಸಿ ಹಿಂಡಲಗಿಯ ಹಾದಿ ಹಿಡಿದೆವು. ಕ್ಯಾಂಪಿನಿಂದ ಬಸ್ಸಿನಲ್ಲಿ ಕೆಲವು ನಿಮಿಷ. ಹಿಂಡಲಗಿಯದು ಇಂದಿಗೂ ನಡೆಯುತ್ತಿರುವ ಕೇಂದ್ರ ಕಾರಾಗೃಹ, ಗಲ್ಲುಗಂಬವೂ ಅಲ್ಲಿದೆ. ಅದು ನೋಟಕರಿಗಾಗಿ ತೆರೆದ ಸ್ಥಳವಲ್ಲ. ಗುರುಗಳು ನಮ್ಮನ್ನು ದೂರದ ಒಂದು ಮರದ ನೆರಳಿನಲ್ಲಿ ನಿಲ್ಲಿಸಿಯೇ ಹೇಳಿದರು. ಗೋಡೆಯ ಆಚೆಯೂ ಮನುಷ್ಯರಿದ್ದಾರೆ, ಅವರನ್ನು ನೋಡಲು ನಾವು ಬಂದಿಲ್ಲ ಎಂದು ಮೊದಲು ಎಚ್ಚರಿಸಿದರು.

ಈ ಸೆರೆಮನೆಯನ್ನು ಬ್ರಿಟಿಷರು 1920ರ ದಶಕದಲ್ಲಿ ಕಟ್ಟಿಸಿದರು. 1930ರಿಂದ ಸತ್ಯಾಗ್ರಹಿಗಳು ಇದನ್ನು ತುಂಬತೊಡಗಿದರು. ‘ನರಬಲಿ’ ಎಂಬ ಕವನ ಬರೆದುದಕ್ಕಾಗಿ ದ. ರಾ. ಬೇಂದ್ರೆಯವರು 1932ರಲ್ಲಿ ಶಿಕ್ಷೆಗೊಳಗಾಗಿ ಇಲ್ಲಿಯೇ ಸೆರೆಯಲ್ಲಿದ್ದರು. ಬಳಿಕ ಅವರನ್ನು ಧಾರವಾಡದ ಹತ್ತಿರದ ಮುಗದದಲ್ಲಿ ನಿರ್ಬಂಧದಲ್ಲಿಟ್ಟರು. ಕನ್ನಡ ಐಚ್ಛಿಕ ತೆಗೆದುಕೊಂಡ ನಾವು ಅವರ ಕವನಗಳಿಗೆ ಸಂದರ್ಭ ಸಹಿತ ವಿವರಣೆ ಬರೆಯುತ್ತೇವೆ. ಈ ಸಂದರ್ಭ ಮಾತ್ರ ನಮ್ಮ ಕಣ್ಣ ಮುಂದೆ ಎಂದೂ ಬಂದಿರಲಿಲ್ಲ. 1942ರ ಚಲೇಜಾವ್ ಚಳವಳಿಯಲ್ಲಿ ಆ ವರ್ಷದ ಕೊನೆಯೊಳಗೇ ದೇಶದಲ್ಲಿ ಅರವತ್ತು ಸಾವಿರಕ್ಕೂ ಹೆಚ್ಚು ಜನ ಬಂಧಿತರಾದರು. ಬೆಳಗಾವಿ ಜಿಲ್ಲೆಯ ಹಳ್ಳಿಗಳಲ್ಲಿ ತಂತಿ ಕತ್ತರಿಸುವುದು, ಚಾವಡಿಯ ದಫ್ತರ ಸುಡುವುದು ನಡೆಯಿತು. ಏಕೆಂದರೆ ರೈತನಿಗೆ ಸರಕಾರವೆಂದರೆ ಲಂಡನ್ನೂ ಅಲ್ಲ, ದಿಲ್ಲಿಯೂ ಅಲ್ಲ. ಕಂದಾಯ ಬರೆದಿಟ್ಟ ಆ ದಫ್ತರ.

ಸೆರೆಮನೆಯ ಒಳಗೂ ಎಲ್ಲರೂ ಒಂದಾಗಿರಲಿಲ್ಲವೆಂಬುದು ನನಗೆ ತಿಳಿದಿರಲಿಲ್ಲ. ಲಾಹೋರಿನ ಸೆರೆಯಲ್ಲಿ ರಾಜಕೀಯ ಕೈದಿಗಳ ಹಕ್ಕಿಗಾಗಿ ಜತೀಂದ್ರನಾಥ ದಾಸರು 63 ದಿನ ಉಪವಾಸ ಮಾಡಿ 1929ರ ಸೆಪ್ಟೆಂಬರ್ 13ರಂದು ಪ್ರಾಣ ಬಿಟ್ಟರು. ಆ ಬಳಿಕ, 1930ರಲ್ಲಿ, ಸರಕಾರ ಕೈದಿಗಳನ್ನು ‘ಎ’, ‘ಬಿ’, ‘ಸಿ’ ಎಂದು ಮೂರು ವರ್ಗ ಮಾಡಿತು. ಅಂತಸ್ತು, ವಿದ್ಯೆ, ಜೀವನದ ರೀತಿ ನೋಡಿ ವರ್ಗ ನಿರ್ಧಾರ. ಮೇಲಿನ ವರ್ಗದವರಿಗೆ ಒಳ್ಳೆಯ ಊಟ, ಪುಸ್ತಕ, ಹೆಚ್ಚು ಪತ್ರ. ‘ಸಿ’ ವರ್ಗದವರಿಗೆ ಸಾಮಾನ್ಯ ಕೈದಿಯ ಊಟ, ಬಟ್ಟೆ, ದುಡಿಮೆ. ಒಂದೇ ಘೋಷಣೆ ಕೂಗಿ ಒಂದೇ ದಿನ ಒಳಹೊಕ್ಕವರು ಬಾಗಿಲು ದಾಟಿದೊಡನೆ ಬೇರೆಯಾಗುತ್ತಿದ್ದರು. ಓದು ಬಾರದ ನಮ್ಮ ಸಣ್ಣ ಮುತ್ತಜ್ಜ ‘ಸಿ’ ವರ್ಗದಲ್ಲಿದ್ದರು. ಬೀಸುವ ಕಲ್ಲಿನಿಂದ ಅಂಗೈಯಲ್ಲಿ ಎದ್ದ ಗಂಟನ್ನು ಅವರು ಮಕ್ಕಳಿಗೆ ತೋರಿಸುತ್ತಿದ್ದರೆಂದು ಅಜ್ಜ ಹೇಳುತ್ತಾರೆ.

ಆದರೆ ಅದೇ ಗೋಡೆಯೊಳಗೆ ಓದು ಬಂದವರು ಬಾರದವರಿಗೆ ಕಲಿಸಿದರು. ಟ್ರಂಕಿನಲ್ಲಿರುವ ಚೋಪಡಿ ಅದಕ್ಕೆ ಸಾಕ್ಷಿ. ಮೊದಲ ಪುಟಗಳಲ್ಲಿ ಡೊಂಕು ಡೊಂಕಾದ ‘ಅ, ಆ, ಇ, ಈ’, ಬಳಿಕ ಒತ್ತಕ್ಷರಗಳು, ಕೊನೆಯ ಪುಟದಲ್ಲಿ ಮನೆಯವರೆಲ್ಲರ ಹೆಸರು. ಮೊದಲನೆಯ ಹೆಸರು ಅಣ್ಣನದು. ನಾನು ಅದನ್ನು ಚಿಕ್ಕಂದಿನಿಂದ ನೋಡಿದ್ದೇನೆ. ಹಿರಿಯರ ಹೆಸರು ಮೊದಲು ಬರುವುದು ಪದ್ಧತಿಯಲ್ಲವೇ ಎಂದು ಸುಮ್ಮನಿದ್ದೆ.

ಆ ಮರದ ನೆರಳಿನಲ್ಲಿ ನಿಂತಾಗ ನನಗೆ ಹೊಳೆದದ್ದು ಇಷ್ಟೇ. ಒಂದೇ ಮನೆಯ ಇಬ್ಬರು ನಿರಕ್ಷರಿಗಳು ಒಂದೇ ಊರಿನ ಎರಡು ಬಾಗಿಲುಗಳನ್ನು ಹೊಕ್ಕರು; ಇಬ್ಬರೂ ಅಕ್ಷರ ಕಲಿತು ಬಂದರು. ಒಬ್ಬರು ಕಲಿತದ್ದು ರೋಮನ್ ಲಿಪಿ, ಇನ್ನೊಬ್ಬರು ಕಲಿತದ್ದು ಕನ್ನಡ. ಒಬ್ಬರು ಬರೆದದ್ದನ್ನು ಇನ್ನೊಬ್ಬರು ಓದಲಾರರು.

ಮರಳುವ ಬಸ್ಸಿನಲ್ಲಿ ಎಲ್ಲರಿಗೂ ತಮ್ಮ ತಮ್ಮ ಊರಿನ ಕಡೆಯ ಸಂಗತಿಗಳು ನೆನಪಾದವು. ಕಾಗವಾಡದ ಗೆಳೆಯನೊಬ್ಬ ತಮ್ಮೂರ ನೆರೆಯ ಸಾಂಗಲಿಯ ಕೋಟೆಯೊಳಗಿನ ಜೈಲಿನ ಕಥೆ ಹೇಳಿದನು. 1943ರ ಜುಲೈ 24ರಂದು ವಸಂತದಾದಾ ಪಾಟೀಲ ಹಾಗೂ ಸಂಗಡಿಗರು ಅದನ್ನು ಒಡೆದು ಹೊರಬಿದ್ದರು. ಬೆನ್ನಟ್ಟಿದ ಪೊಲೀಸರ ಗುಂಡಿಗೆ ಇಬ್ಬರು ಬಲಿಯಾದರು, ವಸಂತದಾದಾ ಗಾಯಗೊಂಡು ಸಿಕ್ಕರು. ಮುಂದೆ ಅವರೇ ಮಹಾರಾಷ್ಟ್ರದ ಮುಖ್ಯಮಂತ್ರಿಗಳಾದರು. ನಿಪ್ಪಾಣಿಯ ಗೆಳತಿ ಕೊಲ್ಹಾಪುರದ ಹತ್ತಿರದ ವಳಿವಡೆಯ ಮಾತೆತ್ತಿದಳು. ಯುದ್ಧದಲ್ಲಿ ಮನೆ ಕಳೆದುಕೊಂಡು ಸೈಬೀರಿಯಕ್ಕೆ ಗಡೀಪಾರಾಗಿ, ಇರಾನದ ಮಾರ್ಗವಾಗಿ ಬಂದ ಪೋಲೆಂಡಿನ ಸುಮಾರು ಐದು ಸಾವಿರ ಜನ, ಹೆಚ್ಚಾಗಿ ಹೆಂಗಸರು ಮತ್ತು ಮಕ್ಕಳು, 1943ರಿಂದ 1948ರ ವರೆಗೆ ಅಲ್ಲಿ ನೆಲೆಸಿದ್ದರು. 2019ರಲ್ಲಿ ಅಲ್ಲೊಂದು ಸ್ಮಾರಕಸ್ತಂಭವನ್ನು ನಿಲ್ಲಿಸಿದ್ದಾರೆ. ಇಟಲಿಗೆ ಹೋದ ನಮ್ಮವರು, ಪೋಲೆಂಡಿನಿಂದ ಬಂದ ಆ ಜನರು, ಸಾಂಗಲಿಯ ಗೋಡೆ ಹಾರಿದ ತರುಣರು, ಎಲ್ಲವೂ ಒಂದೇ ವರ್ಷದ ಮಾತು. ನಾವು ಅದನ್ನು ದೂರದ ಇತಿಹಾಸವೆನ್ನುತ್ತೇವೆ. ಅದು ಸಂತೆಗೆ ಹೋಗಿ ಬರುವಷ್ಟು ಹತ್ತಿರದಲ್ಲಿ ನಡೆದಿತ್ತು.

ಮನೆ ಮುಟ್ಟಿದಾಗ ರಾತ್ರಿ ಒಂಬತ್ತು. ಊಟವಾದ ಮೇಲೆ ಟ್ರಂಕು ಇಳಿಸಿ ಮೂಲ ಪತ್ರವನ್ನೇ ತೆಗೆದುಕೊಂಡು ಅಜ್ಜನ ಮುಂದೆ ಕುಳಿತೆ. ಗಟ್ಟಿಯಾಗಿ ಓದುತ್ತ ಒಂದೊಂದೇ ಮಾತನ್ನು ಕನ್ನಡಕ್ಕೆ ತಿರುಗಿಸಿದೆ. 1943ರ ಡಿಸೆಂಬರ್ ತಿಂಗಳ ಪತ್ರ. ಎಲ್ಲಿದ್ದೇನೆಂದು ಬರೆಯಲು ಅಪ್ಪಣೆ ಇರಲಿಲ್ಲ; ಊರಿನ ಹೆಸರಿಲ್ಲ. ತಾನು ಕ್ಷೇಮವಿದ್ದೇನೆ. ಇಲ್ಲಿಯ ರೈತರೂ ಎತ್ತು ಹೂಡುತ್ತಾರೆ, ಅವರ ಎತ್ತು ಬೆಳ್ಳಗೆ, ನಮ್ಮವಕ್ಕಿಂತ ದೊಡ್ಡವು. ಕಳಿಸಿದ ಹಣದಲ್ಲಿ ಮೊದಲು ಹೊಲ ಬಿಡಿಸಿಕೊಳ್ಳಿರಿ. ತಮ್ಮ ತುರಂಗಕ್ಕೆ ಹೋದನೆಂದು ನಮ್ಮ ಕಡೆಯ ಒಬ್ಬ ಸಿಪಾಯಿಯಿಂದ ತಿಳಿಯಿತು, ಬಿಟ್ಟು ಕಳಿಸಿದರೇ? ಅವನು ಮಾಡಿದ್ದು ತಪ್ಪೆಂದು ನಾನು ಅನ್ನುವುದಿಲ್ಲ. ನನ್ನ ಮೇಲೆ ಅವನಿಗೆ ಸಿಟ್ಟಿದ್ದರೆ ಇರಲಿ. ಪೊಲೀಸರು ಹೊಡೆದಿದ್ದರೆ ಬಿಸಿ ಎಣ್ಣೆ ಹಚ್ಚಿ ತಿಕ್ಕಿರಿ. ಈ ಪತ್ರವನ್ನು ಅವನಿಗೆ ಓದಿ ಹೇಳಿರಿ.

ಅಜ್ಜ ಬಹಳ ಹೊತ್ತು ಮಾತಾಡಲಿಲ್ಲ. ಆಮೇಲೆ, ‘ಕಾಕಾನ ಮುಂದ ಓದವ್ರು ಯಾರೂ ಇರಲಿಲ್ಲ’ ಎಂದರು. ಸ್ವಲ್ಪ ತಡೆದು, ‘ಇನ್ನೊಮ್ಮೆ ಓದು’ ಎಂದರು.

ಮುತ್ತಜ್ಜ ಮರಳಿ ಬಂದ ಮೇಲೆ ತಾವೇ ಓದಿ ಹೇಳಬಹುದಿತ್ತಲ್ಲವೇ ಎಂದು ನಾನು ಕೇಳಿದೆ. ಅದಕ್ಕೆ ಅಜ್ಜನಲ್ಲಿ ಉತ್ತರವಿರಲಿಲ್ಲ, ನನ್ನಲ್ಲಿಯೂ ಇಲ್ಲ. ಗಂಡಸರು ಕಾಗದದಲ್ಲಿ ಬರೆದದ್ದನ್ನು ಎದುರಿಗೆ ಕುಳಿತು ಹೇಳುವುದು ಕಷ್ಟವೇನೋ. ಸಣ್ಣ ಮುತ್ತಜ್ಜನಿಗೆ ಸ್ವಾತಂತ್ರ್ಯಯೋಧರ ಪಿಂಚಣಿಯೂ ಬರಲಿಲ್ಲ. 1972ರಲ್ಲಿ ಬಂದ ಆ ಯೋಜನೆಯಲ್ಲಿ ಸಾಮಾನ್ಯವಾಗಿ ಆರು ತಿಂಗಳ ಸೆರೆವಾಸ ಬೇಕಾಗಿತ್ತು, ಅವರದು ನಾಲ್ಕೇ ತಿಂಗಳು. ಅವರು ಅದನ್ನು ಎಂದೂ ಆಡಿಕೊಳ್ಳಲಿಲ್ಲವಂತೆ. ಅಣ್ಣನ ಪದಕವನ್ನು ಟ್ರಂಕಿನಲ್ಲಿ ಜೋಪಾನವಾಗಿ ಇಟ್ಟವರೂ ಅವರೇ ಎಂದು ಅಜ್ಜ ಆ ರಾತ್ರಿ ಮೊದಲ ಬಾರಿಗೆ ಹೇಳಿದರು.

‘ಇಬ್ಬರಲ್ಲಿ ಸರಿ ಯಾರು?’ ಎಂಬ ಮನೆಯ ವಾದಕ್ಕೆ ಈ ಪ್ರವಾಸ ತೀರ್ಪು ಕೊಡಲಿಲ್ಲ. ದೇಶ ಸ್ವತಂತ್ರವಾಗಬೇಕೆಂದು ಸೆರೆಮನೆಗೆ ಹೋದವರ ದಾರಿ ನೇರವಾದದ್ದೆಂಬುದರಲ್ಲಿ ನನಗೆ ಸಂಶಯವಿಲ್ಲ. ಆದರೆ ಹೊಲ ಬಿಡಿಸಿಕೊಳ್ಳಲು ಇಟಲಿಯ ಕೆಸರು ತುಳಿದವರನ್ನು ದ್ರೋಹಿಗಳೆನ್ನಲು ಇನ್ನು ನನ್ನ ನಾಲಿಗೆ ಏಳದು. ಆ ಹೊಲದ ಬೆಳೆಯಿಂದಲೇ ನನ್ನ ಪರೀಕ್ಷೆಯ ಶುಲ್ಕ ತುಂಬಿದ್ದಾರೆ.

ನಮ್ಮ ಐದೂ ತಾಲೂಕುಗಳ ಹಳ್ಳಿಗಳಲ್ಲಿ ಇಂಥ ಟ್ರಂಕುಗಳು ಇನ್ನೂ ಇರಬಹುದು. ಅವುಗಳಲ್ಲಿಯ ಕಾಗದಗಳನ್ನು ರದ್ದಿಗೆ ಹಾಕುವ ಮೊದಲು ಸಹಪಾಠಿಗಳು ಒಮ್ಮೆ ಬಿಡಿಸಿ ನೋಡಬೇಕು. ಪದಕವಿದ್ದರೆ ಅಂಚನ್ನು, ಹಿಂಬದಿಯನ್ನು ನೋಡಿರಿ. ಭಾರತೀಯ ಸೈನಿಕರಿಗೆ ಕೊಟ್ಟವುಗಳ ಮೇಲೆ ಸಂಖ್ಯೆ, ಹೆಸರು ಕೊರೆದಿರುವುದುಂಟು. ಯುದ್ಧದಲ್ಲಿ ಮಡಿದವರಾಗಿದ್ದರೆ ಕಾಮನ್‌ವೆಲ್ತ್ ಯುದ್ಧಸಮಾಧಿ ಆಯೋಗದ ಪಟ್ಟಿಯಲ್ಲಿ ಹೆಸರಿನಿಂದ ಹುಡುಕಬಹುದು. ಅರ್ಥವಾಗದ ಪತ್ರವಿದ್ದರೆ ನಮ್ಮ ಗುರುಗಳ ಬಳಿಗೆ ತನ್ನಿರಿ. ಅದಕ್ಕೂ ಮೊದಲು ಒಮ್ಮೆ ಗಟ್ಟಿಯಾಗಿ ಓದಿರಿ. ನಮ್ಮ ಮನೆಗಳಲ್ಲಿ ಓದಬಲ್ಲವರು ಮೊದಲ ಬಾರಿಗೆ ಹುಟ್ಟಿದ್ದಾರೆ. ಕಾಗದಗಳು ಅಷ್ಟು ಕಾಲ ಕಾದಿವೆ.